ಒಲೆ ಕಟ್ಟಲು ಬಾರದ ಕಲಾ ನಿರ್ದೇಶಕ

ನಾನು ಸಿನಿಮಾಗಳಲ್ಲಿ ಮನೆ ಕಟ್ಟುವವನು. ತೆರೆಯ ಮೇಲೆ ‘ಕಲಾ ನಿರ್ದೇಶನ’ ಎಂದು ನನ್ನ ಹೆಸರು ಬರುವ ಹೊತ್ತಿಗೆ ನೀವಿನ್ನೂ ಕತ್ತಲಲ್ಲಿ ಸೀಟು ಹುಡುಕುತ್ತಿರುತ್ತೀರಿ. ಅರಮನೆ, ಜೈಲು, ಆಸ್ಪತ್ರೆ ಎಲ್ಲವನ್ನೂ ಕಟ್ಟಿದ್ದೇನೆ, ಶೂಟಿಂಗ್ ಮುಗಿದೊಡನೆ ಕೆಡವಿಸಿದ್ದೇನೆ. ನಮ್ಮ ಮನೆಯ ಬಚ್ಚಲಿನ ಬಾಗಿಲನ್ನು ಸರಿಮಾಡಲು ಮಾತ್ರ ಇನ್ನೂ ಆಗಿಲ್ಲ.

ಈಚೆಗೆ ಕೊಡಗಿನ ಕಕ್ಕಬೆಯಲ್ಲಿ ಒಂದು ಚಿತ್ರಕ್ಕೆ ಹಳೆಯ ಅಡುಗೆಮನೆ ಬೇಕಾಯಿತು. ಪ್ಲೈವುಡ್ಡಿನ ಗೋಡೆ, ಥರ್ಮಾಕೋಲಿನ ಒಲೆ. ಡಿಕಾಕ್ಷನ್ನಿಗೆ ಮಸಿ ಬೆರೆಸಿ ಎರಡು ದಿನ ಗೋಡೆಗೆ ಬಳಿದೆ. ನನ್ನ ಕೈಚಳಕಕ್ಕೆ ನಾನೇ ಮರುಳಾಗಿ ನಿಂತಿದ್ದಾಗ, ನಮ್ಮ ತಂಡಕ್ಕೆ ಅಡುಗೆ ಮಾಡುತ್ತಿದ್ದ ಲಲಿತಕ್ಕ ಬಂದು ನೋಡಿದರು.

“ಚಂದ ಉಂಟು ಸಾರ್. ಆದ್ರೆ ಇಲ್ಲಿ ಯಾರೂ ಅಡಿಗೆ ಮಾಡಿಲ್ಲ ಅಂತ ಗೊತ್ತಾಗ್ತದೆ.”

“ಹೇಗೆ?”

“ಒಲೆ ಮುಂದಿಂದ ಏಳುವಾಗ ಗೋಡೆಗೆ ಕೈ ಕೊಡ್ತೇವಲ್ಲ, ಅಲ್ಲಿ ಜಿಡ್ಡು ಬೇಕು.”

ಎಣ್ಣೆ ಸವರಿದ ಅಂಗೈಯನ್ನು ಅವರೇ ಗೋಡೆಗೆ ಒತ್ತಿದರು. ಉಪ್ಪಿನ ಮರಿಗೆಯನ್ನು ಎಡಕ್ಕಿಟ್ಟರು, ಸೌದೆಯನ್ನು ಬಲಕ್ಕೆ ಸರಿಸಿದರು. ಮರುದಿನ ನಿರ್ದೇಶಕರು ನನ್ನ ಬೆನ್ನು ತಟ್ಟಿದರು. ಲಲಿತಕ್ಕನ ಹೆಸರು ಹೇಳಲು ನನಗೆ ನೆನಪಾಗಲಿಲ್ಲ. ನಿಜ ಹೇಳಬೇಕೆಂದರೆ, ನೆನಪಾಯಿತು, ಹೇಳಲಿಲ್ಲ.

ಕೊನೆಯ ದಿನ ಸೆಟ್ ಬಿಚ್ಚಲು ಹೇಳಿದಾಗ ಲಲಿತಕ್ಕ ಓಡಿ ಬಂದರು. “ನಾಳೆವರೆಗೆ ಬಿಡ್ತೀರಾ? ಅಮ್ಮನಿಗೊಮ್ಮೆ ತೋರಿಸ್ಬೇಕು.”

ಆಗ ಗೊತ್ತಾಯಿತು. ಸಂಪಾಜೆಯ ಬಳಿಯ ಅವರ ತವರು ಮನೆ ಗುಡ್ಡ ಕುಸಿದಾಗ ಮಣ್ಣಿನಡಿ ಹೋಗಿತ್ತು. ಒಂದು ಫೋಟೋ ಕೂಡ ಉಳಿದಿರಲಿಲ್ಲ. ಬದುಕುಳಿದ ತಾಯಿ ಈಗ ಮಗಳ ಜೊತೆ ಎಸ್ಟೇಟಿನ ಕೆಲಸದವರ ಲೈನ್ ಮನೆಯಲ್ಲಿದ್ದರು. ಲಲಿತಕ್ಕ ನನ್ನ ಸೆಟ್ಟಿನಲ್ಲಿ ಜೋಡಿಸಿಟ್ಟದ್ದು ತಾಯಿಯ ಅಡುಗೆಮನೆಯನ್ನು.

ಬೆಳಿಗ್ಗೆ ತಾಯಿ ಬಂದರು. ಹೊಸ್ತಿಲಲ್ಲಿ ತುಸು ನಿಂತು, ಒಳಗೆ ಹೋಗಿ ಒಲೆಯ ಮುಂದೆ ಕೂತರು. ಸಿನಿಮಾದವನಾದ ನಾನು ಅವರ ಕಣ್ಣೀರಿಗೆ ಕಾದೆ.

“ಕಾಫಿಗೆ ನೀರಿಡ್ಲಾ?” ಎಂದರು.

“ಬೇಡಮ್ಮ, ಬೆಂಕಿ ಹಾಕಿದ್ರೆ ಒಲೆಯೇ ಕರಗಿಹೋಗ್ತದೆ,” ಎಂದೆ.

ಅವರು ಒಲೆಯನ್ನು ಬೆರಳಿನಿಂದ ಒತ್ತಿ ನೋಡಿ, ಕನಿಕರದಿಂದ ನನ್ನತ್ತ ತಿರುಗಿದರು. “ಒಲೆ ಕಟ್ಲಿಕ್ಕೆ ಬರುದಿಲ್ವಾ ನಿಂಗೆ?”

ಬರುತ್ತಿರಲಿಲ್ಲ. ಅಂದೇ ಲೈನ್ ಮನೆಯ ಹಿಂದಿನ ಚಪ್ಪರದಡಿ ಮಣ್ಣು ಕಲಸಿದೆ. ಅಮ್ಮ ಕುರ್ಚಿ ಹಾಕಿಕೊಂಡು ಕೂತು ಎರಡು ಸಲ ಕೆಡವಿಸಿದರು, ಮೂರನೆಯದಕ್ಕೆ ಸುಮ್ಮನಾದರು. ಒಣಗುವ ಮೊದಲೇ ನಾನು ಊರು ಬಿಟ್ಟೆ.

ತಿಂಗಳ ಮೇಲೆ ಲಲಿತಕ್ಕನ ಫೋನು ಬಂತು. “ಹೊಗೆ ಕಣ್ಣಿಗೇ ಬರ್ತದಂತೆ. ಅಮ್ಮ ದಿನಾ ನಿಮಗೆ ಬೈತಾರೆ.”

ಇಷ್ಟು ವರ್ಷದಲ್ಲಿ ನಾನು ಕಟ್ಟಿದ್ದಕ್ಕೆ ಯಾರೂ ಹೀಗೆ ಬೈದಿರಲಿಲ್ಲ. ಬೈಯಬೇಕಾದರೆ ಅಲ್ಲಿ ಯಾರಾದರೂ ಬದುಕುತ್ತಿರಬೇಕಲ್ಲ! ಸಂತೋಷದಿಂದ ಮಡಿಕೇರಿ ಬಸ್ಸಿಗೆ ಟಿಕೆಟ್ ಮಾಡಿಸಿದೆ.