ಸದಾಶಿವನ ಲೋಟ

ಸತ್ತವರು ಬಂದು ಉಂಡು ಹೋಗುತ್ತಾರೆ ಎಂಬ ಮಾತನ್ನು ಯಾರಾದರೂ ತೆಗೆದರೆ ಮೊದಲು ನಗುವವನು ನಾನು. ನಕ್ಕು ಸುಮ್ಮನಾಗುವವನೂ ಅಲ್ಲ, ಎದುರಿನವರು ಬೆವರುವ ತನಕ ಪ್ರಶ್ನೆ ಕೇಳುವವನು. ಈ ಚಾಳಿಗೆ ನೆಂಟರ ಮನೆಗಳಲ್ಲೂ ಬೈಗುಳ ತಿಂದಿದ್ದೇನೆ. ಅಂಥವನು ಈಗ ಇದನ್ನು ಬರೆಯಲು ಕೂತಿದ್ದೇನೆ ಎಂದರೆ ನನಗೇ ಒಂದು ಥರ ನಾಚಿಕೆ. ನಡೆದದ್ದು ಕತ್ತಲಲ್ಲಿ ಅಲ್ಲ, ಅಮಾವಾಸ್ಯೆಯ ದಿನವೂ ಅಲ್ಲ. ಸಂಜೆ ನಾಲ್ಕು ಗಂಟೆ, ನರಿಕೊಂಬಿನ ಒಂದು ಮನೆಯ ಅಂಗಳ, ಬಿಸಿಲು ಇನ್ನೂ ಚುರುಕಾಗಿತ್ತು. ಅಲ್ಲಿ ಏಳು ಜನ ಇದ್ದೆವು.

ನಾನು ಬಂಟ್ವಾಳದ ಬ್ಯಾರಿ, ಎಂದರೆ ಕರಾವಳಿಯ ಮುಸಲ್ಮಾನ. ಗಲ್ಫಿನ ಹೋಟೆಲೊಂದರಲ್ಲಿ ಆರು ವರ್ಷ ದುಡಿದು, ಮ್ಯಾನೇಜರನ ಜೊತೆ ಜಗಳ ಮಾಡಿಕೊಂಡು ತೊಂಬತ್ತರ ದಶಕದ ಕೊನೆಗೆ ಊರಿಗೆ ಬಂದೆ. ಹಳೆಯ ವ್ಯಾನೊಂದನ್ನು ಕೊಂಡು ಮೂಡಬಿದಿರೆಯ ಬಸದಿ ನೋಡಲು ಬರುವ ಪರದೇಶದವರನ್ನು ಸುತ್ತಾಡಿಸತೊಡಗಿದೆ. ಇಂಗ್ಲಿಷ್ ಬರುತ್ತಿತ್ತು, ಬಾಯಿ ಜೋರಿತ್ತು, ಅಷ್ಟು ಸಾಕಾಯಿತು.

ಹಾಗೆ ಬಂದವರಲ್ಲಿ ತನಾಕ ಎಂಬ ಜಪಾನಿನವರೊಬ್ಬರಿದ್ದರು. ಅವರ ಊರಲ್ಲಿ ಅಕ್ಕಿಯಿಂದ ಮಾಡುವ ಸಾಕೆ ಎಂಬ ಮದ್ಯ ಉಂಟಲ್ಲ, ಪ್ರವಾಸಿಗರಿಗೆ ಅದರ ರುಚಿ ತೋರಿಸುವುದೇ ಅವರ ಉದ್ಯೋಗ. ಸಣ್ಣ ಸಣ್ಣ ಬಟ್ಟಲುಗಳಲ್ಲಿ ಬೇರೆ ಬೇರೆ ಸಾಕೆ ಹಾಕಿ ಸಾಲಾಗಿ ಇಡುವುದಂತೆ. ಮೊದಲು ಬಣ್ಣ ನೋಡಬೇಕು, ಆಮೇಲೆ ಮೂಸಬೇಕು, ಆಮೇಲೆ ನಾಲಿಗೆಯ ಮೇಲೆ ಸ್ವಲ್ಪ ಹೊತ್ತು ಇಟ್ಟುಕೊಳ್ಳಬೇಕು, ನಡುನಡುವೆ ನೀರು ಕುಡಿಯಬೇಕು. ಕುಡಿಯುವುದಕ್ಕೆ ಜನ ಅಷ್ಟು ದೂರ ಹೋಗುತ್ತಾರಾ ಎಂದು ನಾನು ಬಾಯಿ ಬಿಟ್ಟು ಕೇಳಿದೆ. ಕುಡಿಯುವುದಕ್ಕಲ್ಲ, ತಿಳಿಯುವುದಕ್ಕೆ ಎಂದರು. ನಿಮ್ಮಲ್ಲಿ ಏನಿದೆ ಎಂದು ಅವರು ಕೇಳಿದಾಗ ನನಗೆ ಹೊಳೆದದ್ದು ಕಳ್ಳು, ಮತ್ತು ಕಾಂತಣ್ಣ.

ಕಾಂತು ಪೂಜಾರಿ ನರಿಕೊಂಬಿನಲ್ಲಿ ಹೊಳೆಬದಿಯ ತೆಂಗಿನ ಮರಗಳಿಂದ ಕಳ್ಳು ಇಳಿಸುವವರು. ಅವರ ಅಂಗಳದಲ್ಲಿ ಬೆಂಚು ಹಾಕಿ ನಾನು ಜಪಾನಿನ ಕ್ರಮವನ್ನೇ ಶುರುಮಾಡಿದೆ. ಒಂದು ಲೋಟದಲ್ಲಿ ತೆಂಗಿನ ಕಳ್ಳು, ಒಂದರಲ್ಲಿ ತಾಳೆಯದ್ದು, ಮತ್ತೊಂದರಲ್ಲಿ ಘಟ್ಟದ ಬುಡದ ನೆರಿಯದಿಂದ ಅವರ ಭಾವ ಬಸ್ಸಿನಲ್ಲಿ ಕಳಿಸುತ್ತಿದ್ದ ಬೈನೆ ಮರದ್ದು. ಕಾಂತಣ್ಣ ಮರ ಹತ್ತಿ, ಹೊಂಬಾಳೆಯ ತುದಿ ಕೆತ್ತಿ, ಮಡಕೆ ಕಟ್ಟಿ ತೋರಿಸುವರು. ಅವರ ಹೆಂಡತಿ ಲೀಲಕ್ಕ ಒಣಮೀನಿನ ಚಟ್ನಿ ಕೊಡುವರು. ನಾನು ನಿಂತು ಭಾಷಣ ಬಿಗಿಯುವೆ. ಇದು ಹೂವಿನ ಹಾಗೆ, ಇದು ಮಜ್ಜಿಗೆಯ ಹಾಗೆ, ಇದರಲ್ಲಿ ಹೊಗೆಯ ಪರಿಮಳ ಉಂಟು, ಹೀಗೆಲ್ಲ. ನಾನೋ ಜನ್ಮದಲ್ಲಿ ಒಂದು ತೊಟ್ಟು ಬಾಯಿಗೆ ಹಾಕಿದವನಲ್ಲ. ನಮ್ಮಲ್ಲಿ ಅದು ಹರಾಂ. ಎಲ್ಲವೂ ಕಾಂತಣ್ಣನಿಂದ ಕೇಳಿ ಬಾಯಿಪಾಠ ಮಾಡಿದ್ದು.

ಇನ್ನು ಸದಾಶಿವನ ವಿಷಯ ಹೇಳಬೇಕು. ಅವನು ಅವರ ಒಬ್ಬನೇ ಮಗ, ಇಪ್ಪತ್ತೆರಡು ವರ್ಷ. ನಾನು ಆ ಮನೆಗೆ ಹೋಗಿಬರಲು ಶುರುಮಾಡುವ ಎರಡು ವರ್ಷ ಮೊದಲು ಮರದಿಂದ ಬಿದ್ದು ಸತ್ತಿದ್ದ. ಕಾಂತಣ್ಣನಿಗೆ ಮೊಣಗಂಟು ನೋವೆಂದು ಆ ಬೆಳಿಗ್ಗೆ ಅವರೇ ಅವನನ್ನು ಹತ್ತಿಸಿದ್ದು. ತುಳುವರ ಮನೆಗಳಲ್ಲಿ ಸತ್ತವರಿಗೆ ವರ್ಷಕ್ಕೊಂದೆರಡು ಸಲ ಎಲೆ ಹಾಕಿ ಬಡಿಸಿ, ಬಾಗಿಲು ಎಳೆದುಕೊಂಡು ಹೊರಗೆ ಕಾಯುವ ಕ್ರಮ ಉಂಟು. ಸತ್ತವರು ಬಂದು ಮುಟ್ಟಿದ್ದರೆ ಆ ಪದಾರ್ಥಕ್ಕೆ ಮತ್ತೆ ರುಚಿ ಇರುವುದಿಲ್ಲ, ಸಪ್ಪೆಯಾಗಿರುತ್ತದೆ ಎಂಬುದು ನಂಬಿಕೆ. ಲೀಲಕ್ಕನಿಗೆ ವರ್ಷಕ್ಕೆ ಎರಡು ಸಲ ಸಾಲಲಿಲ್ಲ. ದಿನಾ ಬೆಳಿಗ್ಗೆ ಇಳಿಸಿದ ಮೊದಲ ಕಳ್ಳನ್ನು ಮಗನ ಹೆಸರು ಕೆತ್ತಿಸಿದ ಸ್ಟೀಲಿನ ಲೋಟದಲ್ಲಿ ಹಾಕಿ ಒಳಕೋಣೆಯಲ್ಲಿ ಎಲೆಯ ಮೇಲಿಟ್ಟು ಬಾಗಿಲು ಹಾಕುವರು. ಸಂಜೆ ಕಾಂತಣ್ಣ ಅದರಿಂದ ಒಂದು ಗುಟುಕು ಕುಡಿದು ನೋಡಿ ಹೇಳಬೇಕು. ಅವರು ಪ್ರತಿದಿನ ಒಂದೇ ಮಾತು ಹೇಳುತ್ತಿದ್ದರು: "ಸಪ್ಪೆ ಉಂಟು. ಬಂದಿದ್ದಾನೆ." ಅಷ್ಟು ಕೇಳಿದ ಮೇಲೆಯೇ ಲೀಲಕ್ಕ ದೀಪ ಹಚ್ಚಿ ರಾತ್ರಿಯ ಅಡಿಗೆಗೆ ಹೋಗುತ್ತಿದ್ದದ್ದು.

ಒಂದು ದಿನ ಬಸ್ಸಿಲ್ಲದೆ ಬೈನೆ ಕಳ್ಳು ತರಲು ನಾನೂ ಕಾಂತಣ್ಣನೂ ವ್ಯಾನಿನಲ್ಲಿ ನೆರಿಯಕ್ಕೆ ಹೋಗಿದ್ದೆವು. ಬೆಳ್ತಂಗಡಿ ದಾಟಿದ ಮೇಲೆ ಅವರು ಇದ್ದಕ್ಕಿದ್ದಂತೆ ತುಳುವಿನಲ್ಲಿ ಹೇಳಿದರು, "ಬ್ಯಾರಿಗಳೇ, ನಿಮ್ಮಲ್ಲಿ ಮಾತ್ರ ಹೇಳ್ತೇನೆ, ಯಾರ ಹತ್ತಿರವೂ ಬಾಯಿ ಬಿಡಬೇಡಿ. ಆ ಲೋಟದ ಕಳ್ಳಿಗೆ ರುಚಿ ಉಂಟು. ದಿನಾ ಉಂಟು. ಸಂಜೆಗೆ ಹುಳಿಯೇರಿ ಹಲ್ಲು ಚಳಿಯುತ್ತದೆ ಮಾರಾಯ್ರೆ. ನಾನು ಎಂತ ಮಾಡುವುದು ಹೇಳಿ? ಅವಳು ಆ ಒಂದು ಮಾತಿನ ಮೇಲೆ ಬದುಕಿದ್ದಾಳೆ." ಯಾರಲ್ಲೂ ಹೇಳುವುದಿಲ್ಲ ಎಂದು ನಾನು ಮಾತು ಕೊಟ್ಟೆ. ಕೊಡುವಾಗ ಮನಸಾರೆಯೇ ಕೊಟ್ಟದ್ದು, ಅದರಲ್ಲಿ ಮೋಸ ಇರಲಿಲ್ಲ.

ಮರುವರ್ಷ ತನಾಕ ಮತ್ತೆ ಬಂದರು, ಈ ಸಲ ಜೊತೆಗೆ ಮೂವರು. ನನಗೆ ಎಲ್ಲಿಲ್ಲದ ಹುರುಪು. ನಮ್ಮ ಕ್ರಮವನ್ನು ಅದರ ಗುರುವಿಗೇ ತೋರಿಸುವ ದಿನವಲ್ಲವೇ? ಹೊಸ ಅಂಗಿ ಹಾಕಿಕೊಂಡು ಹೋಗಿದ್ದೆ. ಬೆಂಚಿನ ಮೇಲೆ ಮೂರು ಬಗೆಯ ಕಳ್ಳು ಇಟ್ಟು ನಾನು ಹೊಗೆಯ ಪರಿಮಳದ ತನಕ ಬಂದಿದ್ದೆನಷ್ಟೆ. ಕಾಂತಣ್ಣನಿಗೆ ಅವತ್ತು ಏನು ತಮಾಷೆ ಹತ್ತಿತೋ, ನನ್ನ ಕಡೆ ಕೈ ತೋರಿಸಿ, ಲೋಟ ಎತ್ತಿ ಕುಡಿಯುವ ಹಾಗೆ ಮಾಡಿ, ಇಲ್ಲ ಇಲ್ಲ ಎಂದು ತಲೆಯಾಡಿಸಿ ತನ್ನ ನಾಲಿಗೆ ಹೊರಹಾಕಿ ತೋರಿಸಿದರು. ಇವನು ಕುಡಿದವನೇ ಅಲ್ಲ, ಬರೀ ನಾಲಿಗೆ ಎಂದು ಯಾರಿಗೂ ತಿಳಿಯುವಂತಿತ್ತು. ತನಾಕ ನನ್ನನ್ನು ನೋಡಿ, "ನಿಜವೇ? ಒಮ್ಮೆಯೂ ಇಲ್ಲವೇ?" ಎಂದು ಕೇಳಿದರು. ನಾನು ಹೌದೆಂದೆ. ನಾಲ್ವರೂ ನಕ್ಕರು. ಕೆಟ್ಟ ನಗೆಯಲ್ಲ, ಆದರೆ ನನ್ನ ಮೈ ಉರಿದುಹೋಯಿತು.

ಇಲ್ಲಿ ನಾನು ಏನನ್ನೂ ಮುಚ್ಚಿಡುವುದಿಲ್ಲ. ನನ್ನ ಸುಳ್ಳನ್ನು ನಾಲ್ಕು ಜನರ ಎದುರು ಬಯಲು ಮಾಡಿದಿಯಲ್ಲ, ನಿನ್ನದನ್ನೂ ಮಾಡುತ್ತೇನೆ ನೋಡು ಎಂದು ಅನಿಸಿತು. ಲೀಲಕ್ಕ ಹಿತ್ತಿಲಲ್ಲಿ ಒಣಮೀನು ಸುಡುತ್ತಿದ್ದರು. ನಾನು ಚಪ್ಪಲಿ ಕಳಚಿ ಒಳಗೆ ಹೋದೆ, ಬಾಗಿಲು ತೆಗೆದೆ, ಎಲೆಯ ಮೇಲಿದ್ದ ಲೋಟವನ್ನು ಎತ್ತಿಕೊಂಡು ಬಂದೆ. ಮುಕ್ಕಾಲು ಲೋಟ ಕಳ್ಳು, ಬೆಳ್ಳಗೆ, ಬೆಳಿಗ್ಗೆಯಿಂದ ಇದ್ದದ್ದು. ಕಾಂತಣ್ಣ ಲೋಟ ನೋಡಿದವರೇ ಎದ್ದು ನಿಂತರು. "ಅದು ಬೇಡ ಮಾರಾಯ್ರೆ," ಎಂದು ಮೆಲ್ಲಗೆ ಹೇಳಿದರು. ಅಷ್ಟರಲ್ಲಿ ನಾನು ನಾಲ್ಕು ಸಣ್ಣ ಲೋಟಗಳಿಗೆ ಹೊಯ್ದು, ಇದು ಈ ಮನೆಯ ವಿಶೇಷ, ಇದರ ರುಚಿ ಹೇಳಿ ಎಂದು ಇಂಗ್ಲಿಷಿನಲ್ಲಿ ಅಂದಾಗಿತ್ತು. ಆಮೇಲೆ ಹಿತ್ತಿಲ ಕಡೆ ತಿರುಗಿ ಕೂಗಿದೆ, "ಲೀಲಕ್ಕ, ಬೇಗ ಬನ್ನಿ, ಇವರು ಸದಾಶಿವನ ಲೋಟದ ರುಚಿ ಹೇಳ್ತಾರಂತೆ!"

ಲೀಲಕ್ಕ ಮೀನಿನ ತಟ್ಟೆ ಹಿಡಿದುಕೊಂಡು ಬಂದು ಜಗಲಿಯಲ್ಲಿ ನಿಂತರು. ಬೈಯುತ್ತಾರೆ ಎಂದುಕೊಂಡಿದ್ದೆ. ಬೈಯಲಿಲ್ಲ. ಪರೀಕ್ಷೆಯ ಫಲಿತಾಂಶ ಓದುವುದನ್ನು ಕಾಯುವವರ ಹಾಗೆ ತನಾಕರ ಬಾಯಿಯನ್ನೇ ನೋಡುತ್ತಿದ್ದರು.

ತನಾಕ ಬಣ್ಣ ನೋಡಿದರು, ಮೂಸಿದರು. ಮತ್ತೊಮ್ಮೆ ಮೂಸಿದರು. ಬಾಯಿಗೆ ಹಾಕಿ ಬಹಳ ಹೊತ್ತು ಹಾಗೆಯೇ ಕೂತರು. ಉಳಿದ ಮೂವರೂ ಕುಡಿದು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಅವರ ಭಾಷೆಯಲ್ಲಿ ಏನೋ ಮಾತಾಡಿಕೊಂಡ ಮೇಲೆ ತನಾಕ ನನ್ನಲ್ಲಿ ಕೇಳಿದರು, ಇದು ಏನು? ನಾನು ಹುಳಿಯಾಗಿದೆಯೇ ಎಂದೆ. "ಇಲ್ಲ. ಇದರಲ್ಲಿ ಏನೂ ಇಲ್ಲ," ಎಂದರು. ನೀರಿನ ಹಾಗೆಯೇ ಎಂದು ಕೇಳಿದೆ. "ನೀರಿಗೂ ಒಂದು ರುಚಿ ಇರುತ್ತದೆ. ಇದಕ್ಕೆ ಅದೂ ಇಲ್ಲ."

ಒಣಮೀನಿನ ಖಾರಕ್ಕೆ ನಾಲಿಗೆ ಸತ್ತಿತೇ ಎಂದರೆ ಅವರು ಇನ್ನೂ ಮೀನು ಮುಟ್ಟಿರಲೇ ಇಲ್ಲ. ಮೊದಲನೆಯ ಲೋಟವನ್ನು ಇನ್ನೊಮ್ಮೆ ಕುಡಿಯಲು ಹೇಳಿದೆ. ಸಿಹಿ, ಸ್ವಲ್ಪ ಹುಳಿ ಎಂದು ತಕ್ಷಣ ಹೇಳಿದರು. ಮತ್ತೆ ಇದನ್ನು ಕುಡಿದರು, ತಲೆಯಾಡಿಸಿದರು. ಒಂಬತ್ತು ಗಂಟೆ ಹೊತ್ತು ಕೂತ ಕಳ್ಳಿಗೆ ವಾಸನೆಯೂ ಇಲ್ಲ, ಹುಳಿಯೂ ಇಲ್ಲ ಎಂದರೆ ಯಾರಾದರೂ ನಂಬುತ್ತಾರಾ?

ತನಾಕ ತಲೆಯಾಡಿಸಿದ್ದು ಕಂಡು ಕಾಂತಣ್ಣ ನನ್ನ ಕೈಯಿಂದ ಲೋಟ ಕಿತ್ತುಕೊಂಡು ಒಂದು ಗುಟುಕು ಕುಡಿದರು. ಸ್ವಲ್ಪ ಅಂಗಿಯ ಮೇಲೆ ಚೆಲ್ಲಿತು. ಅವರ ಮುಖ ಅಷ್ಟು ಬೆಳಗಿದ್ದನ್ನು ನಾನು ಅದಕ್ಕೆ ಮೊದಲೂ ನೋಡಿಲ್ಲ, ಆಮೇಲೂ ನೋಡಿಲ್ಲ. "ಲೀಲಾ! ಸಪ್ಪೆ ಉಂಟು ಮಾರಾಯ್ತಿ! ಇವತ್ತು ಬಂದಿದ್ದಾನೆ, ದೇವರಾಣೆಗೂ ಇವತ್ತು ಬಂದಿದ್ದಾನೆ!" ಎಂದು ಕೂಗಿದರು.

ಲೀಲಕ್ಕ ತಟ್ಟೆಯನ್ನು ಜಗಲಿಯ ಮೇಲೆ ಇಟ್ಟರು. "ಇವತ್ತು ಅಂದರೆ?" ಎಂದು ಕೇಳಿದರು.

ಕಾಂತಣ್ಣ ಲೋಟದೊಳಗೆ ನೋಡಿದರು. ಲೀಲಕ್ಕ ಮತ್ತೆ ಕೇಳಿದರು, "ನಿನ್ನೆ ಬಂದಿರಲಿಲ್ಲವಾ? ಮೊನ್ನೆ?" ಆ ಮನುಷ್ಯ ಲೋಟ ಹಿಡಿದ ಹಾಗೆಯೇ ಅಂಗಳದಲ್ಲಿ ಕುಕ್ಕರಿಸಿ ಇನ್ನೊಂದು ಕೈಯಿಂದ ಮುಖ ಮುಚ್ಚಿಕೊಂಡರು. ಮೂರು ವರ್ಷದ ಸುಳ್ಳನ್ನು ನಾನು ಬಯಲು ಮಾಡಬೇಕಾಗಿ ಬರಲಿಲ್ಲ, ಸಂತೋಷದಲ್ಲಿ ಅವರೇ ಮಾಡಿಕೊಂಡರು. ಒಂದು ಕ್ಷಣ, ಒಂದೇ ಕ್ಷಣ, ನನಗೆ ಹಿತವಾಯಿತು. ಅದನ್ನು ನೆನೆಸಿಕೊಂಡರೆ ಇವತ್ತಿಗೂ ನನ್ನ ಮೇಲೆ ನನಗೇ ಹೇಸಿಗೆ ಹುಟ್ಟುತ್ತದೆ.

ಲೀಲಕ್ಕ ಅಂಗಳಕ್ಕೆ ಇಳಿದು ಗಂಡನ ಕೈಯಿಂದ ಲೋಟ ತೆಗೆದುಕೊಂಡು ನನ್ನ ಹತ್ತಿರ ಬಂದರು. ತಳದಲ್ಲಿ ಒಂದು ಗುಟುಕು ಉಳಿದಿತ್ತು. "ಬ್ಯಾರಿಗಳೇ, ಇವರ ಮಾತು ಇನ್ನು ನಾನು ನಂಬುವುದಿಲ್ಲ. ಆ ಪರದೇಶದವರ ಭಾಷೆ ನನಗೆ ಬರುವುದಿಲ್ಲ. ನೀವು ನನಗೆ ಸಮಾಧಾನ ಹೇಳುವ ಜನ ಅಲ್ಲ, ಅದು ಈಗ ಗೊತ್ತಾಯಿತು. ನೀವು ನೋಡಿ ಹೇಳಿ, ನನ್ನ ಮಗ ಬಂದಿದ್ದಾನಾ ಇಲ್ಲವಾ?" ಎಂದರು.

ನೀವೇ ಕುಡಿದು ನೋಡಿ ಲೀಲಕ್ಕ ಎಂದೆ. ತಾಯಿಯ ಬಾಯಿಗೆ ಅದು ಹೇಗಿದ್ದರೂ ಸಪ್ಪೆಯೇ, ಅವನು ಹೋದ ಮೇಲೆ ಏನು ತಿಂದರೂ ಸಪ್ಪೆಯೇ ಎಂದರು. ಲೋಟ ನನ್ನ ಗಲ್ಲಕ್ಕೆ ತಾಗುವಷ್ಟು ಹತ್ತಿರ ಇತ್ತು. ನಿಜ ಹೇಳುತ್ತೇನೆ, ನನಗೆ ಆ ಹೊತ್ತಿಗೆ ದೇವರ ಭಯ ಇರಲಿಲ್ಲ. ಸತ್ತವನು ಮುಟ್ಟಿದ್ದು ಎಂಬ ಭಯ ಇತ್ತು. ಆದರೆ ಬಾಯಲ್ಲಿ ಬಂದದ್ದು, "ನಮಗೆ ಹರಾಂ ಅಲ್ವಾ ಲೀಲಕ್ಕ," ಎಂದು.

ಅವರು ಆ ಗುಟುಕನ್ನು ತೆಂಗಿನ ಬುಡಕ್ಕೆ ಚೆಲ್ಲಿ, ಲೋಟ ತೊಳೆದು, ಒಳಗೆ ಹೋಗಿ ಬಾಗಿಲು ಹಾಕಿಕೊಂಡರು. ಮರುದಿನದಿಂದ ಲೋಟ ಇಡಲಿಲ್ಲವಂತೆ. ಗಂಡನಿಗೆ ಅನ್ನ ಹಾಕುತ್ತಿದ್ದರು, ಮಾತಾಡುತ್ತಿರಲಿಲ್ಲವಂತೆ. ನಾನು ಅಲ್ಲಿಗೆ ಯಾರನ್ನೂ ಮತ್ತೆ ಕರೆದುಕೊಂಡು ಹೋಗಲಿಲ್ಲ. ಕಾಂತಣ್ಣ ಬಂಟ್ವಾಳ ಪೇಟೆಯಲ್ಲಿ ಸಿಕ್ಕಿದಾಗಲೆಲ್ಲ ನನ್ನ ತೋಳು ಹಿಡಿದು, "ಆ ಜಪಾನಿನವರು ಸಪ್ಪೆ ಅಂತಲೇ ಹೇಳಿದ್ದಲ್ವಾ?" ಎಂದು ಕೇಳುವರು. ಹೌದು ಎಂದು ನಾನು ಹೇಳುವೆ. ಹಾಗೆ ಎಷ್ಟು ಸಲ ಹೇಳಿದ್ದೇನೋ ಲೆಕ್ಕವಿಲ್ಲ.

ನಾನು ಎಲ್ಲ ಕಡೆಯಿಂದ ಯೋಚಿಸಿ ನೋಡಿದ್ದೇನೆ. ಲೀಲಕ್ಕ ಬೆಳಿಗ್ಗೆ ಬೇರೇನಾದರೂ ಇಟ್ಟಿದ್ದರೇ? ಬಿಳಿ ಬಣ್ಣದ, ರುಚಿ ವಾಸನೆ ಎರಡೂ ಇಲ್ಲದ ಪದಾರ್ಥ ಯಾವುದುಂಟು? ನಾಲ್ಕು ಜನ ಪರದೇಶದವರು ತಮಾಷೆಗೆ ಒಟ್ಟಾಗಿ ಸುಳ್ಳು ಹೇಳಿದರೇ? ಅವರಿಗೆ ಸದಾಶಿವ ಎಂಬವನು ಇದ್ದದ್ದೇ ಗೊತ್ತಿರಲಿಲ್ಲ. ಉಳಿದದ್ದು ಒಂದೇ ದಾರಿ, ಅದು ಆ ತಳದ ಗುಟುಕು, ಅದನ್ನು ನಾನು ಬಿಟ್ಟೆ. ಈಗ ನಂಬುತ್ತೇನೆ ಎನ್ನಲು ಬಾಯಿ ಬರುವುದಿಲ್ಲ, ನಂಬುವುದಿಲ್ಲ ಎಂದು ಮೊದಲಿನ ಹಾಗೆ ನಗಲೂ ಆಗುವುದಿಲ್ಲ.

ಕೆಲವು ವರ್ಷಗಳ ನಂತರ ಕಾಂತಣ್ಣ ತೀರಿಕೊಂಡರು. ಹದಿನಾರು ದಿನ ಕಳೆದ ಮೇಲೆ ಧೈರ್ಯ ಮಾಡಿ ಆ ಮನೆಗೆ ಹೋದೆ. ಲೀಲಕ್ಕ ಚಾ ಕೊಟ್ಟರು. ಒಳಕೋಣೆಯ ಬಾಗಿಲು ತೆರೆದೇ ಇತ್ತು, ಒಳಗೆ ಎಲೆಯೂ ಇರಲಿಲ್ಲ, ಲೋಟವೂ ಇರಲಿಲ್ಲ. ಏನಾದರೂ ಮಾತಾಡಬೇಕಲ್ಲ ಎಂದು, ಕಾಂತಣ್ಣನಿಗೆ ಇಡುವುದಿಲ್ಲವಾ ಎಂದು ಕೇಳಿದೆ.

"ಇಟ್ಟರೆ ರುಚಿ ನೋಡಿ ಹೇಳುವವರು ಯಾರು ಬ್ಯಾರಿಗಳೇ," ಎಂದರು ಲೀಲಕ್ಕ. "ನೀವು ಹೇಳ್ತೀರಾ?"

ನಾನು ಚಾ ಕುಡಿದು ಮುಗಿಸಿ, ಹೋಗಿ ಬರುತ್ತೇನೆ ಎಂದು ಹೇಳಿ ಎದ್ದು ಬಂದೆ.