ವೈನಿಯ ಕೊರಿಯನ್ ಸೇಡು

ಕಳೆದ ತಿಂಗಳು ತರಕಾರಿ ಚೀಲ ಹಿಡಿದು ನಮ್ಮ ಕಟ್ಟಡದ ಮೆಟ್ಟಿಲು ಹತ್ತುತ್ತಿದ್ದೆ. ಯಾರದೋ ಮನೆಯ ಬಾಗಿಲ ಸಂದಿಯಿಂದ ಹೊಗೆ ಬಂತು. ಲೋಬಾನದ ಹೊಗೆ ಈ ಊರಿಗೆ ಹೊಸದಲ್ಲ, ಒಮಾನಿನ ಈ ಅಲ್ ಖೌದ್‌ನಲ್ಲಿ ಸಂಜೆಯಾದರೆ ಅಂಗಡಿಯವರೂ ಹಾಕುತ್ತಾರೆ. ಆದರೆ ಇದರಲ್ಲಿ ಬೆಳ್ಳುಳ್ಳಿ ಸಿಪ್ಪೆ ಸುಟ್ಟ ವಾಸನೆಯೂ ಅಜವಾನದ ಘಾಟೂ ಸೇರಿತ್ತು. ಒಳಗೆ ಬಾಣಂತಿ ಇದ್ದಾಳೆ ಅಂತ ಗೊತ್ತಾಯಿತು. ಇಂಥ ವಾಸನೆಗೆ ಬೇರೆಯವರಿಗೆ ತವರಿನ ನೆನಪಾಗುತ್ತದೇನೋ. ನನಗೆ ಮಾತ್ರ ಸಿಟ್ಟು ಬಂತು, ಅದೂ ಸತ್ತುಹೋದವರ ಮೇಲೆ.

ಅವರು ನಮ್ಮ ಮೇಲಿನ ಮನೆಯ ವೈನಿ. ಬಾಗಲಕೋಟೆ ಕಡೆ ಅತ್ತಿಗೆಗೆ ವೈನಿ ಅನ್ನುತ್ತಾರೆ. ಇಪ್ಪತ್ತು ವರ್ಷದ ಹಿಂದೆ ಮೈಸೂರಿನಿಂದ ಮದುವೆಯಾಗಿ ಈ ಊರಿಗೆ ಹೊಸದಾಗಿ ಬಂದಿದ್ದ ನನಗೆ ಆ ಪದವೇ ಹೊಸದು. ಮೊದಲ ವಾರವೇ ಒಂದು ತಟ್ಟೆ ರೊಟ್ಟಿ ಹಿಡಿದು ಬಾಗಿಲು ಬಡಿದು, "ನಾ ಮ್ಯಾಲಿನ ಮನಿಯಾಕಿ. ನನಗ ವೈನಿ ಅಂದ್ರ ಸಾಕು" ಅಂದರು. ಅವರ ಗಂಡ ರುಸೈಲ್‌ನ ಒಂದು ಕಾರ್ಖಾನೆಯಲ್ಲಿ ಸೂಪರ್‌ವೈಸರ್. ಮಗಳು ಇಂಡಿಯನ್ ಸ್ಕೂಲಿನಲ್ಲಿ ಒಂಬತ್ತನೆಯ ತರಗತಿ. ಅದೇ ಕಾರ್ಖಾನೆಯ ಮ್ಯಾನೇಜರು ನಮ್ಮ ಕಟ್ಟಡದಲ್ಲೇ ಎಲ್ಲರಿಗಿಂತ ಮೇಲಿನ ಮಹಡಿಯಲ್ಲಿದ್ದರು. ಅವರು ಬೆಂಗಳೂರಿನವರು. ಗಣೇಶನ ಹಬ್ಬ, ಯುಗಾದಿ ಎಲ್ಲ ಅವರ ಮನೆಯಲ್ಲೇ ನಡೆಯುತ್ತಿತ್ತು.

ಗಂಡಸರೂ ಮಕ್ಕಳೂ ಮನೆ ಬಿಟ್ಟ ಮೇಲೆ, ಅಡುಗೆ ಮುಗಿಸಿ ನಾನು ವೈನಿಯ ಮನೆಗೆ ಹೋಗುತ್ತಿದ್ದೆ. ಯಾವುದೋ ಅರಬ್ಬಿ ಚಾನೆಲ್ಲಿನಲ್ಲಿ ಕೊರಿಯಾದ ಧಾರಾವಾಹಿಯೊಂದು ಬರುತ್ತಿತ್ತು. ಮಾತು ಕೊರಿಯನ್, ಕೆಳಗೆ ಓಡುವ ಅಕ್ಷರ ಅರಬ್ಬಿ. ನಮಗಿಬ್ಬರಿಗೂ ಎರಡೂ ಬರುತ್ತಿರಲಿಲ್ಲ. ಅದರಿಂದ ವೈನಿಗೆ ಏನೂ ತೊಂದರೆ ಆಗಲಿಲ್ಲ. ಕಾಲು ಚಾಚಿ ಕೂತು, ಅವರೆಕಾಯಿ ಬಿಡಿಸುತ್ತ, ಪ್ರತಿಯೊಬ್ಬರ ಮಾತನ್ನೂ ತಾವೇ ಕನ್ನಡದಲ್ಲಿ ಹೇಳುತ್ತಿದ್ದರು. ಕೊರಿಯಾದ ಕೋಟ್ಯಧಿಪತಿ ಬಾಯಿ ತೆರೆದರೆ ಬಾಗಲಕೋಟೆ ಕೇಳಿಸುತ್ತಿತ್ತು.

ಹೀಗೆ ನಾವು ಕಟ್ಟಿಕೊಂಡ ಕಥೆ ಇಷ್ಟು. ಒಬ್ಬ ಹುಡುಗನ ತಂದೆಯನ್ನು ನರೆತ ಕೂದಲಿನ ಶ್ರೀಮಂತನೊಬ್ಬ ಕೊಲ್ಲಿಸಿರುತ್ತಾನೆ. ಹುಡುಗ ದೊಡ್ಡವನಾಗಿ, ಹೊಡೆದಾಟ ಕಲಿತು, ಹೆಸರು ಬದಲಿಸಿಕೊಂಡು ಅದೇ ಶ್ರೀಮಂತನ ಮನೆಗೆ ಡ್ರೈವರಾಗಿ ಸೇರುತ್ತಾನೆ. ಸೇರಿದ್ದು ಸೇಡಿಗೆ. ಆದರೆ ಶ್ರೀಮಂತನ ಮಗಳು ಇವನ ಕಡೆ ನೋಡುತ್ತಾಳೆ, ಇವನೂ ನೋಡುತ್ತಾನೆ, ಅಲ್ಲಿಂದ ಮುಂದೆ ಬರೀ ಮಳೆ, ಕೊಡೆ, ಕಣ್ಣೀರು. ವೈನಿಗೆ ಮೈಯೆಲ್ಲ ಉರಿ. "ಬಂದಿದ್ದ್ ಯಾಕ, ಮಾಡಾಕತ್ತಿದ್ದ್ ಏನ? ನಾಚಿಕಿ ಅನ್ನೂದು ಐತೇನ ಈ ಮಂಗ್ಯಾಗ?" ಎಂದು ಟಿ.ವಿ.ಯತ್ತ ಅವರೆ ಸಿಪ್ಪೆ ಎಸೆಯುತ್ತಿದ್ದರು. ನಾನು ನಗುತ್ತಿದ್ದೆ.

ನಗು ನಿಂತದ್ದು ವೈನಿಯ ಗಂಡನ ರೆಸಿಡೆಂಟ್ ಕಾರ್ಡ್ ನವೀಕರಣಕ್ಕೆ ಬಂದಾಗ. ಮ್ಯಾನೇಜರಿಗೆ ತಮ್ಮ ಹೆಂಡತಿಯ ತಮ್ಮನನ್ನು ಊರಿನಿಂದ ಕರೆಸಿಕೊಳ್ಳಬೇಕಿತ್ತು, ಸೂಪರ್‌ವೈಸರ್ ಅಂತಲೇ ಕರೆಸಬೇಕಿತ್ತು, ಇದ್ದದ್ದು ಒಂದೇ ಹುದ್ದೆ. ವೈನಿಯ ಗಂಡನನ್ನು ಸದ್ದಿಲ್ಲದೆ ಟೆಕ್ನಿಶಿಯನ್ ಮಾಡಿದರು. ಸಂಬಳ ಅಷ್ಟೇನೂ ಇಳಿಯಲಿಲ್ಲ. ಆದರೆ ಆ ಹುದ್ದೆಯವರಿಗೆ ಹೆಂಡತಿ ಮಕ್ಕಳನ್ನು ಜೊತೆಗಿಟ್ಟುಕೊಳ್ಳುವ ವೀಸಾ ಸಿಗುತ್ತಿರಲಿಲ್ಲ. ವೀಸಾ ಮುಗಿದ ಕೂಡಲೇ ವೈನಿಯೂ ಮಗಳೂ ಊರಿಗೆ ಹೊರಡಬೇಕು, ಗಂಡ ಲೇಬರ್ ಕ್ಯಾಂಪಿಗೆ ಹೋಗಬೇಕು. ಬೇರೆ ಕಡೆ ಕೆಲಸ ಹುಡುಕೋಣವೆಂದರೆ ಕಫೀಲ್, ಅಂದರೆ ವೀಸಾ ಕೊಡಿಸಿದ ಮಾಲೀಕರು, ಬಿಡುಗಡೆ ಪತ್ರ ಕೊಡಬೇಕು. ಆ ಒಮಾನಿ ಮಾಲೀಕರ ಬಳಿ ಹೋಗುವ ದಾರಿಯೂ ಮ್ಯಾನೇಜರ ಕೋಣೆಯ ಮೂಲಕವೇ ಹಾದುಹೋಗುತ್ತಿತ್ತು. ವೈನಿಯ ಗಂಡ ಬಲು ಸಾಧು. "ಖಲಾಸ್, ಆಗಿದ್ದ್ ಆತು" ಎಂದು ಪೇಪರ್ ಹಿಡಿದು ಕೂತುಬಿಟ್ಟರು.

ವೈನಿ ಕೂರಲಿಲ್ಲ. ಅದೇ ಹೊತ್ತಿಗೆ ಮ್ಯಾನೇಜರ ಹೆಂಡತಿಗೆ ಹೆರಿಗೆಯಾಯಿತು, ಹೆಣ್ಣು ಮಗು. ಬಾಣಂತನಕ್ಕೆ ಬರಬೇಕಿದ್ದ ಅವಳ ತಾಯಿ ಮಂಡಿ ಆಪರೇಷನ್ ಅಂತ ಊರಲ್ಲೇ ಉಳಿದರು. ಆ ಕಟ್ಟಡದಲ್ಲಿ ಎಳೆಗೂಸನ್ನು ಕಾಲ ಮೇಲೆ ಮಲಗಿಸಿ ಎಣ್ಣೆ ನೀರು ಹಾಕಲು ಬರುತ್ತಿದ್ದದ್ದು ವೈನಿಗೆ ಮಾತ್ರ. ಕೇಳಿದ ತಕ್ಷಣ ಒಪ್ಪಿಕೊಂಡರು. ನನಗೆ ಕೋಪ ನೆತ್ತಿಗೇರಿತು.

"ನಿಮಗೇನ್ ತಲೆ ಕೆಟ್ಟಿದೆಯಾ ವೈನಿ? ಅವರ ಮನೆ ಬಾಣಂತನ ನೀವು ಮಾಡೋದಾ?"

"ಸುಮ್ಮ ಕೂಡ ತಂಗಿ. ಡ್ರೈವರ್ ಹೆಂಗ ಒಳಗ ಹೊಕ್ಕಾ, ಹಂಗ ನಾನೂ ಹೊಕ್ಕೇನಿ. ತೊಟ್ಲಾ ಹಾಕೂ ದಿನಾ ಎಲ್ಲಾ ಮಂದಿ ಬಂದಿರ್ತಾರ, ಮಾಲಕರೂ ಬರ್ತಾರಂತ. ಎಲ್ಲಾರ ಮುಂದ ಕೇಳ್ತೀನಿ, ನನ್ನ ಸಂಸಾರ ಯಾಕ ಮುರದ್ರಿ ಅಂತ. ಮಾರಿ ಎಲ್ಲಿ ಇಟ್ಕೋತಾನ ನೋಡೂಣು."

ನನಗೆ ಅದು ಒಪ್ಪಿಗೆಯಾಯಿತು. ಎಷ್ಟು ಒಪ್ಪಿಗೆಯಾಯಿತೆಂದರೆ, ಮಾತಿನ ಜೋಡಣೆಯನ್ನೂ ನಾವಿಬ್ಬರೂ ಕೂತು ಮಾಡಿದೆವು. ನಾನು ಗ್ರಾಂಥಿಕವಾಗಿ ಹೇಳಿಕೊಡುತ್ತಿದ್ದೆ, ಅವರು ಅದನ್ನು ಚಾಕುವಿನ ಹಾಗೆ ಚೂಪು ಮಾಡುತ್ತಿದ್ದರು.

ಬೆಳಗ್ಗೆ ಗಂಡನನ್ನು ಕಂಪನಿ ಬಸ್ಸಿಗೆ ಕಳಿಸಿ ವೈನಿ ಮೇಲಕ್ಕೆ ಹೋಗುತ್ತಿದ್ದರು. ಮತ್ರಾ ಸೂಕಿನ ಹಳೆಯ ಅಂಗಡಿ ಸಾಲಿನಿಂದ ಒಳ್ಳೆ ಲೋಬಾನ ತರಿಸಿದರು. ಬಾಣಂತಿಗೆ ಅಂಟಿನುಂಡೆ ಕಟ್ಟಿದರು, ಕೂಸಿಗೆ ಹೊಗೆ ಹಾಕಿದರು. ಕೆಳಗಿಳಿದು ಬಂದಾಗ ಅವರ ಸೀರೆಯೆಲ್ಲ ಅದೇ ವಾಸನೆ. ಟಿ.ವಿ. ಮುಂದೆ ಕೂತರೂ ಮಾತು ಕೂಸಿನದೇ. ಇವತ್ತು ನಕ್ಕಿತು, ಇವತ್ತು ಬೆರಳು ಹಿಡಿದು ಬಿಡಲಿಲ್ಲ, ಇವತ್ತು ನೀರು ಹಾಕುವಾಗ ಅಳಲೇ ಇಲ್ಲ... ಕೊರಿಯಾದ ಡ್ರೈವರ್ ಏನು ಹೇಳಿದ ಅಂತ ನಾನು ಕೇಳಿ ಕೇಳಿ ಹೇಳಿಸಿಕೊಳ್ಳಬೇಕಾಯಿತು. ಅವನಿಗೆ ಬೈಯುವುದನ್ನೂ ವೈನಿ ಬಿಟ್ಟರು. ನನಗೆ ಅಲ್ಲೇ ಅನುಮಾನ ಬಂದಿತ್ತು.

ತೊಟ್ಟಿಲು ಹಾಕುವ ದಿನ ಬಂತು. ಮಗುವನ್ನು ಹೆಂಗಸರು ತೊಟ್ಟಿಲ ಮೇಲಿಂದ ಕೊಟ್ಟು ಕೆಳಗಿಂದ ತೆಗೆದುಕೊಳ್ಳುವುದು ಪದ್ಧತಿ. ಆದರೆ ಅವರು ತಂದಿದ್ದದ್ದು ಗಾಲಿ ಇರುವ, ನೆಲಕ್ಕೆ ತಾಗುವ ದೊಡ್ಡ ಬೇಬಿ ಕಾಟ್. ಅದರ ಕೆಳಗಿಂದ ಕೂಸನ್ನು ದಾಟಿಸಲು ಜಾಗವೇ ಇಲ್ಲ. ಎಲ್ಲರೂ ಮುಖ ಮುಖ ನೋಡಿಕೊಂಡರು. ವೈನಿ ಸೊಂಟಕ್ಕೆ ಸೆರಗು ಸಿಕ್ಕಿಸಿ, "ಎತ್ತರಿ ಸಾಹೇಬ್ರ" ಅಂದರು. ಮ್ಯಾನೇಜರು ಒಂದು ತುದಿ ಎತ್ತಿದರು. ಇನ್ನೊಂದು ತುದಿಗೆ ಯಾರೂ ಮುಂದೆ ಬರದಿದ್ದಾಗ ವೈನಿಯ ಗಂಡನೇ ಬಂದು ಹಿಡಿದರು. ಹೊಸ ಸೂಪರ್‌ವೈಸರ್, ಅಂದರೆ ಕೂಸಿನ ಸೋದರಮಾವ, ಕ್ಯಾಮೆರಾ ಹಿಡಿದು ಫೋಟೋ ತೆಗೆಯುತ್ತಿದ್ದ.

ಮಾಲೀಕರು ಬಿಳಿ ದಿಶ್‌ದಾಶಾ ನಿಲುವಂಗಿ ತೊಟ್ಟು ಸೋಫಾದ ಮೇಲೆ ಖರ್ಜೂರ ತಿನ್ನುತ್ತಿದ್ದರು. ಮ್ಯಾನೇಜರು ಕಾಟ್ ಹೊತ್ತು ಮುಖ ಕೆಂಪಾಗಿ ನಿಂತಿದ್ದರು. ವೈನಿ ಕೆಳಗೆ ಕುಕ್ಕರಗಾಲಲ್ಲಿ ಕೂತು, ಕೂಸನ್ನು ನನ್ನ ಕೈಯಿಂದ ತೆಗೆದುಕೊಂಡರು. ಈಗ ಹೇಳಿ, ಈಗ ಹೇಳಿ ಅಂತ ನಾನು ಕಣ್ಣಲ್ಲೇ ಅವರನ್ನು ತಿವಿದೆ. ವೈನಿ ತಲೆ ಎತ್ತಿ ಮ್ಯಾನೇಜರನ್ನು ನೋಡಿದರು. ನೋಡಿದ್ದಂತೂ ನಿಜ. ಆಮೇಲೆ ಕೂಸನ್ನು ನೋಡಿದರು. ಕಾಟ್ ಕೆಳಗಿಳಿಯಿತು, ಕೂಸನ್ನು ಮಲಗಿಸಿದರು, ಹೆಂಗಸರು ಹಾಡಿದರು, ಎಲ್ಲರೂ ಊಟಕ್ಕೆದ್ದರು.

ನಾನು ಅವರನ್ನು ಅಡುಗೆಮನೆಗೆ ಎಳೆದುಕೊಂಡು ಹೋದೆ.

"ಯಾಕೆ ಕೇಳಲಿಲ್ಲ?"

"ಕೂಸು ಮಲಗಿತ್ತ ತಂಗಿ."

"ಅದಕ್ಕೆ?"

"ಜೋರ್ ಮಾತಾಡಿದ್ರ ಎಚ್ಚರಾಗ್ತಿತ್ತು. ನಿನ್ನಿ ದಿನಾ ಎಲ್ಲಾ ಅತ್ತು ಅತ್ತು ಸಾಕಾಗಿತ್ತ ಪಾಪ ಅದಕ್ಕ."

ಇದಕ್ಕೆ ಏನು ಹೇಳುತ್ತೀರಿ? ನನಗೆ ಗೋಡೆಗೆ ತಲೆ ಚಚ್ಚಿಕೊಳ್ಳಬೇಕೆನಿಸಿತು. ಮಾರನೆಯ ದಿನ ಗಂಡ ಹೆಂಡತಿ ಇಬ್ಬರೂ ಮ್ಯಾನೇಜರ ಮನೆಗೆ ಹೋಗಿ ಮೆತ್ತಗೆ ಕೇಳಿಕೊಂಡರಂತೆ. ಕಂಪನಿ ಪಾಲಿಸಿ, ನನ್ನ ಕೈಯಲ್ಲೇನಿದೆ ಎಂದು ಅವರು ಕಾಫಿ ಕೊಟ್ಟು ಕಳಿಸಿದರು. ಮಗಳ ವಾರ್ಷಿಕ ಪರೀಕ್ಷೆಗೂ ಕಾಯದೆ ವೈನಿ ಹೊರಟರು. ಹೊರಡುವ ಬೆಳಗ್ಗೆಯೂ ಮೇಲೆ ಹೋಗಿ ಕೂಸಿಗೆ ನೀರು ಹಾಕಿ ಬಂದಿದ್ದರು. ಟ್ಯಾಕ್ಸಿಯ ಕಿಟಕಿಯಿಂದ ನನಗೆ ಹೇಳಿದ್ದು ಒಂದೇ ಮಾತು. "ಧಾರಾವಾಹಿ ಕಡೀಗೆ ಏನಾತು, ಫೋನ್ ಮಾಡಿ ಹೇಳ."

ಕೊನೆಯ ಕಂತನ್ನು ನಾನೊಬ್ಬಳೇ ನೋಡಿದೆ. ಯಾವುದೋ ಗೋದಾಮು, ಡ್ರೈವರ ಕೈಯಲ್ಲಿ ಪಿಸ್ತೂಲು, ಎದುರಿಗೆ ನರೆತ ಕೂದಲಿನವನು, ಬಾಗಿಲಲ್ಲಿ ಅವನ ಮಗಳು. ತುಂಬ ಹೊತ್ತು ಮಾತಾಡಿದರು. ಒಂದಕ್ಷರವೂ ತಿಳಿಯಲಿಲ್ಲ. ಕೊನೆಗೆ ಆ ಮಂಗ ಪಿಸ್ತೂಲು ಕೆಳಗಿಟ್ಟ. ನನಗೆ ತಡೆಯಲಾಗಲಿಲ್ಲ. ವೈನಿಗೆ ಫೋನ್ ಮಾಡಿ, "ಹೊಡೆದೇ ಬಿಟ್ಟ ವೈನಿ, ನಿಮ್ಮ ಹಾಗೆ ಬಿಡಲಿಲ್ಲ" ಅಂದೆ. ಆ ಕಡೆಯಿಂದ, "ಹೌದನ... ಹೋಗ್ಲಿ ಬಿಡ. ಕೂಸು ಮಗ್ಗಲಾ ಹೊಳ್ಳಾಕತ್ತೈತೇನ?" ಎಂದು ಕೇಳಿದರು. ನಾನು ಫೋನ್ ಕಾರ್ಡಿನ ದುಡ್ಡು ಮುಗಿಯಿತೆಂದು ಹೇಳಿ ಫೋನ್ ಇಟ್ಟೆ.

ಅವರ ಗಂಡ ಕ್ಯಾಂಪಿನಲ್ಲೇ ಉಳಿದರು. ಎರಡು ವರ್ಷಕ್ಕೊಮ್ಮೆ ರಜೆ. ಮಗಳ ಮದುವೆಗೆ ಹೋಗಿ ಬಂದರು, ಮತ್ತೆ ಕ್ಯಾಂಪು. ವೈನಿಗೆ ಕಾಯಿಲೆ ಜೋರಾದಾಗ ತುರ್ತು ರಜೆ ಕೇಳಿ, ಟಿಕೆಟ್ ಹೊಂದಿಸಿ ಬಾಗಲಕೋಟೆ ಮುಟ್ಟುವಷ್ಟರಲ್ಲಿ ಎಲ್ಲ ಮುಗಿದಿತ್ತು. ಒಂದೇ ಸೂರಿನಡಿ ಇರಬೇಕೆಂಬುದಿತ್ತಲ್ಲ ವೈನಿಗೆ, ಅದು ಆಮೇಲೆ ಆಗಲೇ ಇಲ್ಲ. ಮ್ಯಾನೇಜರಿಗೆ ಏನೂ ಆಗಲಿಲ್ಲ. ದೊಡ್ಡ ವಿಲ್ಲಾಗೆ ಹೋದರು, ಸಂಜೆ ಬಿಳಿ ಬೂಟು ಹಾಕಿ ವಾಕಿಂಗ್ ಮಾಡುತ್ತಾರೆ. ಸಕ್ಕರೆ ಕಾಯಿಲೆಯೂ ಇಲ್ಲ ಅಂತ ಅವರ ಹೆಂಡತಿ ಹೇಳುತ್ತಿರುತ್ತಾಳೆ.

ಆ ಹೊಗೆಯ ವಾಸನೆ ಮೂಗಿಗೆ ಬಡಿದ ವಾರವೇ ಕನ್ನಡದವರ ಊಟದ ಕೂಟವೊಂದಿತ್ತು. ಊಟದ ಸಾಲಿನಲ್ಲಿ ನನ್ನ ಹಿಂದೆ ಮ್ಯಾನೇಜರ ಮಗಳು ನಿಂತಿದ್ದಳು. ಈಗ ಕಾಲೇಜು ಹುಡುಗಿ, ನಗುಮುಖ, ಅಪ್ಪನ ಕಣ್ಣು. ಫೋನಿನಲ್ಲಿ ಕೊರಿಯಾದ್ದೇ ಏನೋ ನೋಡುತ್ತಿದ್ದಳು. ನನಗೇನಾಯಿತೋ, ಎಲ್ಲವನ್ನೂ ಹೇಳಿಬಿಟ್ಟೆ. ಎಣ್ಣೆ ನೀರು ಹಾಕಿದವರು ಯಾರು, ಅವರನ್ನು ಊರಿಗೆ ಕಳಿಸಿದ್ದು ಯಾರು, ಅವರು ಹೇಗೆ ಸತ್ತರು, ಒಂದೂ ಬಿಡಲಿಲ್ಲ. ಅವಳು ಫೋನ್ ಆಫ್ ಮಾಡಿ ಪೂರ್ತಿ ಕೇಳಿಸಿಕೊಂಡಳು. ಮುಖ ಬಿಳಿಚಿಕೊಂಡಿತ್ತು.

"ವೈ ಆರ್ ಯೂ ಟೆಲ್ಲಿಂಗ್ ಮಿ, ಆಂಟಿ?" ಅಂದಳು. ಆಮೇಲೆ ಕನ್ನಡದಲ್ಲಿ, ತಡವರಿಸುತ್ತ, "ಈಗ ನಾನೇನ್ ಮಾಡ್ಲಿ?"

ಸಾಲು ಮುಂದೆ ಸರಿಯಿತು. ಅವಳು ಖಾಲಿ ತಟ್ಟೆ ಅಲ್ಲೇ ಇಟ್ಟು ಹೊರಗೆ ಹೋದಳು. ಇಷ್ಟು ವರ್ಷ ಕಾದು ಕೊಟ್ಟ ಏಟು ಅವಳಿಗೆ ಬಿತ್ತು. ಅವಳಪ್ಪ ಆ ಕಡೆ ಕೂತು ಹೋಳಿಗೆಗೆ ತುಪ್ಪ ಹಾಕಿಸಿಕೊಳ್ಳುತ್ತಿದ್ದರು. ಇದೂ ನಿಮ್ಮಿಂದಲೇ ಆದದ್ದು, ಅವತ್ತೇ ಕೇಳಿದ್ದರೆ ಮುಗಿದುಹೋಗುತ್ತಿತ್ತು ಅಂತ ವೈನಿಗೆ ಫೋನ್ ಮಾಡಿ ಜಗಳ ತೆಗೆಯಬೇಕೆನಿಸಿತು. ಅವರೂ ಬಿಡುತ್ತಿರಲಿಲ್ಲ, ಆ ಹುಡುಗೀನ ಯಾಕ ಅಳಸಿದಿ ಅಂತ ನನ್ನ ಮರ್ಯಾದೆ ತೆಗೆಯುತ್ತಿದ್ದರು. ಆದರೆ ಯಾರಿಗೆ ಫೋನ್ ಮಾಡಲಿ...