ಅಪ್ಪ ಇದ್ದ ವರ್ಷನ್

ಮಗಳ ಔಷಧಿ ಬಾಟಲಿಯ ಮೇಲೆ ದಿನಾಂಕ ಬರೆಯಲು ಮಾರ್ಕರ್ ತೆರೆದೆ. ಆ ವಾಸನೆಗೆ ಬೆಳಗಾವಿ ಹಿಂದವಾಡಿಯ ನಮ್ಮ ಹಳೆಯ ಮನೆ ನೆನಪಾಯಿತು.

ಅಪ್ಪ ತೀರಿಕೊಂಡ ಮೇಲೆ ಅಣ್ಣ ಕಂಪ್ಯೂಟರಿನ ಕ್ರಿಕೆಟ್ ಆಟದಲ್ಲಿ ಒಬ್ಬ ಆಟಗಾರನಿಗೆ ಅಪ್ಪನ ಮುಖ, ಹೆಸರು ಜೋಡಿಸಿದ್ದ. ಅವ್ವ ಸೆರಗಿಗೆ ಕೈ ಒರೆಸುತ್ತ ನಿಂತು ನೋಡುತ್ತಿದ್ದಳು. ಒಂದು ದಿನ ನಾನು ಆಟದ ಹೊಸ ವರ್ಷನ್ ಹಾಕಿದೆ. ಅಪ್ಪ ಮಾಯವಾದರು.

“ನಾ ಮಾಡಿದ ಫೈಲು ಹಳೇ ವರ್ಷನ್‌ಗಷ್ಟ ಹೊಂದತೈತಿ,” ಎಂದ ಅಣ್ಣ, ಗುರುತು ಬರೆಯದ ಆಟದ ಹಳೆಯ ಸಿಡಿಗಳನ್ನು ಒಂದೊಂದಾಗಿ ಹಾಕಿ ನೋಡಿದ.

“ಉಪ್ಪಿನಕಾಯಿ ಭರಣಿಗೂ ನಾ ಚೀಟಿ ಹಚ್ಚತೀನಿ, ನಿನಗ ಇಷ್ಟು ಬರದಿಡಾಕ ಆಗಲಿಲ್ಲೇನೋ?” ಎಂದಳು ಅವ್ವ.

ನಾಲ್ಕನೇ ಸಿಡಿಯಲ್ಲಿ ಅಪ್ಪ ಬ್ಯಾಟ್ ಹಿಡಿದು ಬಂದರು. ಅವ್ವ ಮಾರ್ಕರಿನಿಂದ ಅದರ ಮೇಲೆ ಬರೆದಳು: ‘ಇದರಾಗ ನಿಮ್ಮಪ್ಪ ಅದಾರ.’

ಆ ಸಿಡಿ, ಅಣ್ಣನ ಫೈಲು ಎರಡೂ ನನ್ನ ಬಳಿ ಇವೆ. ಮಗಳಿಗೆ ಅಜ್ಜನನ್ನು ತೋರಿಸಬೇಕು. ಅವು ಓಡುವಂಥ ಹಳೆಯ ಕಂಪ್ಯೂಟರ್ ಬೆಳಗಾವಿಯಲ್ಲಿ ಯಾರ ಮನೆಯಲ್ಲಾದರೂ ಇದೆಯೇ?